ಪೂಜೆಗೆ ಮಾತ್ರ ಬರುವ ಮಾಲೀಕರು

ಈಚೆಗೆ ಕಾರ್ಖಾನೆ ನಿರೀಕ್ಷಕಿಯಾಗಿ ಕೆಲಸಕ್ಕೆ ಸೇರಿದ ಹುಡುಗಿಯೊಬ್ಬಳು ಶಿವಮೊಗ್ಗದ ಗೋಪಾಳ ಬಡಾವಣೆಯ ನಮ್ಮ ಮನೆಗೆ ಬಂದಿದ್ದಳು. ಅದೇ ಕೆಲಸ ಮಾಡಿ ನಿವೃತ್ತಳಾಗಿ ಕೂತಿರುವ ನನ್ನಿಂದ ಒಂದೆರಡು ಕಿವಿಮಾತು ಸಿಗಬಹುದೆಂಬ ಆಸೆ. "ಮೇಡಂ, ಕಾರ್ಖಾನೆ ಒಳಗೆ ಹೋದ ತಕ್ಷಣ ಮೊದಲು ಏನು ನೋಡ್ಬೇಕು?" ಎಂದಳು. ಬೆಂಕಿ ಆರಿಸುವ ಸಿಲಿಂಡರು, ತುರ್ತು ಬಾಗಿಲು ಅಂತೇನೋ ಹೇಳುತ್ತೇನೆಂದು ಕಾದಿದ್ದಳು. "ಇದರ ಮಾಲೀಕರು ಯಾರು ಅಂತ ಕೇಳು. ಒಬ್ಬರೂ ಇರಲ್ಲ" ಎಂದೆ. ಅವಳು ನಕ್ಕಳು. ನನಗೆ ನಗು ಬರಲಿಲ್ಲ. ಅವಳಿಗೆ ಬಾಯಲ್ಲಿ ಹೇಳಿ ಮುಗಿಸಲಾಗದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ನನಗೆ ಯಾವಾಗ ಬಡ್ತಿ ಸಿಕ್ಕಿತು, ಯಾರು ಹಾರ ಹಾಕಿದರು ಎಂಬುದು ಇದರಲ್ಲಿಲ್ಲ.

ನಾನು ಸೇರಿದ ಹೊಸತರಲ್ಲಿ ಕಾರ್ಖಾನೆಯ ಗೇಟಿನ ಕಾವಲುಗಾರರು ನನ್ನನ್ನು ನೋಡಿ, ವಿಮೆ ಮಾಡಿಸಲು ಬಂದವಳು ಎಂದುಕೊಂಡು ಹೊರಗೇ ನಿಲ್ಲಿಸುತ್ತಿದ್ದರು. ಯಾರೆಂದು ಗೊತ್ತಾದ ಮೇಲೆ ಇನ್ನೂ ಹೆಚ್ಚು ಹೊತ್ತು ನಿಲ್ಲಿಸುತ್ತಿದ್ದರು. ಅಷ್ಟರಲ್ಲಿ ಒಳಗೆ ಓಡಾಟ. ನಾನು ಹೋಗುವಷ್ಟರಲ್ಲಿ ಎಲ್ಲರ ಕಣ್ಣಿಗೂ ಹೊಸ ಸುರಕ್ಷತಾ ಕನ್ನಡಕ, ಕೆಲವರದ್ದಕ್ಕೆ ಅಂಗಡಿಯ ಚೀಟಿಯೂ ಅಂಟಿಕೊಂಡಿರುತ್ತಿತ್ತು. ಒಬ್ಬನಂತೂ ಕಿವಿಗೆ ಹಾಕುವ ಪ್ಲಗ್ಗನ್ನು ಮೂಗಿಗೆ ಸಿಕ್ಕಿಸಿಕೊಂಡು ನಿಂತಿದ್ದ. ಕೊನೆಗೆ ನಾನು ಚಹಾ ತರುವವನ ಹಿಂದೆ ಹಿಂಬಾಗಿಲಿನಿಂದ ನುಗ್ಗುವುದನ್ನು ಕಲಿತೆ. ಇದರಿಂದ ನನಗೆ ಒಳ್ಳೆಯ ಹೆಸರೇನೂ ಬರಲಿಲ್ಲ.

ಎಡವಟ್ಟುಗಳೂ ಆದವು. ಭದ್ರಾವತಿ ಕಡೆಯ ಒಂದು ಅಕ್ಕಿ ಗಿರಣಿಯಲ್ಲಿ ಬಿಳಿ ಶರಟು ಹಾಕಿ, ಚಿನ್ನದ ಸರ ತೊಟ್ಟು ಕುರ್ಚಿಯಲ್ಲಿ ಕೂತವರಿಗೆ ಯಂತ್ರದ ಬೆಲ್ಟುಗಳಿಗೆ ಜಾಲರಿ ಹಾಕಿಸಿಲ್ಲವೆಂದು ಸಿಕ್ಕಾಪಟ್ಟೆ ಬೈದೆ. ಅವರು ತಲೆ ತಗ್ಗಿಸಿ ಎಲ್ಲ ಕೇಳಿಸಿಕೊಂಡರು. ಆಮೇಲೆ ಗೊತ್ತಾಯಿತು, ಅವರು ಮಗಳ ಮದುವೆಯ ಕರೆಯೋಲೆ ಕೊಡಲು ಬಂದಿದ್ದ ನೆಂಟರು. ಮಾಲೀಕ ಬನಿಯನ್ನು ಲುಂಗಿಯಲ್ಲಿ ಮೂಟೆಗಳ ಹಿಂದೆ ನಿಂತು, ಬೈಗುಳವೆಲ್ಲ ಬೇರೆಯವರಿಗೆ ಬಿದ್ದದ್ದನ್ನು ನೋಡಿ ಖುಷಿಪಡುತ್ತಿದ್ದ. ಆ ನೆಂಟರು ನನಗೂ ಒಂದು ಕರೆಯೋಲೆ ಕೊಟ್ಟು ಹೋದರು.

ಇದು ತಮಾಷೆಯ ಮಾತಾಯಿತು. ಮೂಟೆಯ ಹಿಂದೆ ಅಡಗುವ ಈ ಬುದ್ಧಿ ದೊಡ್ಡ ಕಂಪನಿಗಳಲ್ಲಿ ತಮಾಷೆಯಾಗಿರುವುದಿಲ್ಲ. ಕಾರ್ಖಾನೆ ಕಾನೂನಿನಲ್ಲಿ 'ಅಧಿಭೋಗದಾರ' ಎಂಬ ಪದವಿದೆ. ಕಾರ್ಖಾನೆಯ ಆಗುಹೋಗುಗಳ ಮೇಲೆ ಕೊನೆಯ ಹಿಡಿತ ಯಾರದೋ ಅವರು ಎಂದು ಅರ್ಥ. ಕಂಪನಿಯಾದರೆ ಅದರ ನಿರ್ದೇಶಕರಲ್ಲಿ ಒಬ್ಬರು ಆ ಹೆಸರು ಹೊರಲೇಬೇಕು. ಸಂಬಳಕ್ಕೆ ಇಟ್ಟುಕೊಂಡವರನ್ನು ಆ ಜಾಗಕ್ಕೆ ತಂದು ನಿಲ್ಲಿಸುವಂತಿಲ್ಲ. ಯಂತ್ರಕ್ಕೆ ಯಾರದಾದರೂ ಕೈ ಸಿಕ್ಕಿದರೆ ಕಟಕಟೆ ಹತ್ತಬೇಕಾದವರು ಅವರೇ. ಲಾಭ ಹಂಚಿಕೊಳ್ಳುವಾಗ ನಿರ್ದೇಶಕರೆಲ್ಲ ಮುಂದಿನ ಸಾಲಿನಲ್ಲಿರುತ್ತಾರೆ, ಈ ಹೆಸರು ಹೊರುವ ಮಾತು ಬಂದಾಗ ಎಲ್ಲರಿಗೂ ಬೇರೆ ಊರಿನಲ್ಲಿ ಕೆಲಸವಿರುತ್ತದೆ. ನಾನು ಕಂಡ ಒಂದು ಕಂಪನಿ ಹಾಸಿಗೆ ಹಿಡಿದಿದ್ದ ಚಿಕ್ಕಪ್ಪನ ಹೆಸರು ಕೊಟ್ಟಿತ್ತು. ಇನ್ನೊಂದು ಕಂಪನಿ, ಕಾರ್ಖಾನೆ ಯಾವ ದಿಕ್ಕಿಗಿದೆ ಎಂದೂ ಗೊತ್ತಿರದ ಭಾವಮೈದುನನ ಹೆಸರು ಕೊಟ್ಟಿತ್ತು. "ನಾನು ಪೂಜೆಗೆ ಮಾತ್ರ ಬರೋನು ಮೇಡಂ" ಎಂದು ಆ ಭಾವಮೈದುನ ಯಾವ ಸಂಕೋಚವೂ ಇಲ್ಲದೆ ಹೇಳಿದ್ದ.

ಈ ಪೂಜೆಯ ವಿಷಯಕ್ಕೇ ಬರುತ್ತೇನೆ. ಶಿವಮೊಗ್ಗದಿಂದ ಭದ್ರಾವತಿಗೆ ಹೋಗುವ ದಾರಿಯಲ್ಲಿ ಒಂದು ಫೌಂಡ್ರಿ ಇತ್ತು, ಕಬ್ಬಿಣ ಕರಗಿಸಿ ಎರಕ ಹೊಯ್ಯುವ ಕಾರ್ಖಾನೆ. ಹೆಸರು ಬೇಡ. ವಿದ್ಯಾನಗರದ ಹಳೆಯ ವ್ಯಾಪಾರಿ ಮನೆತನದ್ದು. ನಡೆಸುತ್ತಿದ್ದವನು ಆ ಮನೆಯ ಮಗ ಜಗದೀಶ. ಅವನ ತಾಯಿ ನೀಲಮ್ಮನವರೂ ನಿರ್ದೇಶಕಿ. ಅಧಿಭೋಗದಾರರು ಎಂದು ಜಗದೀಶ ಕೊಟ್ಟಿದ್ದು ತಾಯಿಯ ಹೆಸರನ್ನು. ಹಣೆಯಲ್ಲಿ ವಿಭೂತಿ, ಕೊರಳಲ್ಲಿ ಲಿಂಗದ ಕರಡಿಗೆ, ಮಂಡಿನೋವಿನ ಮುದುಕಿ. ಅಂಥವರನ್ನು ಯಾವ ನಿರೀಕ್ಷಕರು ಕೋರ್ಟಿಗೆಳೆಯುತ್ತಾರೆ ಎಂಬುದು ಅವನ ಎಣಿಕೆ. ಹಳೆಯ ಮ್ಯಾನೇಜರ್ ಬಿಟ್ಟುಹೋಗಿದ್ದ, ಹೊಸಬರನ್ನು ಇನ್ನೂ ನೇಮಿಸಿರಲಿಲ್ಲ. ಹಾಗಾಗಿ ಕಾನೂನಿನ ಮುಂದೆ ಉತ್ತರ ಕೊಡಬೇಕಾಗಿದ್ದವರು ನೀಲಮ್ಮ ಒಬ್ಬರೇ.

ಆ ಫೌಂಡ್ರಿಯಲ್ಲಿ ಒಂದು ಪದ್ಧತಿ ನಡೆದುಕೊಂಡು ಬಂದಿತ್ತು. ಅಚ್ಚಿಗೆ ಬೇಕಾದ ಮರಳನ್ನು ಕಲಸುವ ಮಿಕ್ಸರ್ ಯಂತ್ರವೆಂದರೆ ಅವರಿಗೆ ಮನೆದೇವರಷ್ಟೇ ಭಕ್ತಿ. ನೀಲಮ್ಮನವರ ಗಂಡ ಮೊಟ್ಟಮೊದಲು ಕೊಂಡ ಯಂತ್ರವಂತೆ. ಆಯುಧಪೂಜೆಯ ದಿನ ಅದನ್ನು ಓಡಿಸಿ, ಓಡುತ್ತಿರುವಾಗಲೇ ಮನೆಯ ಹಿರಿಯರು ಒಂದು ಹಿಡಿ ಮರಳಿಗೆ ಹೂವು ಅರಿಶಿನ ಸೇರಿಸಿ ತಮ್ಮ ಕೈಯಾರೆ ಹಾಕಬೇಕು. ಆದರೆ ಮುಚ್ಚಳ ತೆಗೆದರೆ ಆ ಯಂತ್ರ ತಾನಾಗಿ ನಿಲ್ಲುತ್ತದೆ. ಕೈ ಉಳಿಯಲೆಂದೇ ಅದಕ್ಕೊಂದು ಸ್ವಿಚ್ ಇಟ್ಟಿರುತ್ತಾರೆ. ಪೂಜೆಗೋಸ್ಕರ ಆ ಸ್ವಿಚ್ಚಿಗೆ ತಂತಿ ಕಟ್ಟಿ ಅದು ಕೆಲಸ ಮಾಡದಂತೆ ಮಾಡಿ, ಮುಚ್ಚಳ ಬಿಚ್ಚಿ ಗೋಡೆಗೆ ಒರಗಿಸುತ್ತಿದ್ದರು. ಪೂಜೆ ಮುಗಿದ ಮೇಲೆ ಮತ್ತೆ ಹಾಕುತ್ತಿದ್ದರು.

ಆ ವರ್ಷ ಹಾಕಲಿಲ್ಲ. ಯಾಕೆಂದರೆ ಮರಳಿನ ಹದ ನೋಡಲು ಅದನ್ನು ಕಲಸುವವರು ಆಗಾಗ ಒಂದು ಹಿಡಿ ತೆಗೆದು ಮುಷ್ಟಿಯಲ್ಲಿ ಹಿಸುಕಿ ನೋಡಬೇಕು. ಮುಚ್ಚಳವಿದ್ದರೆ ಪ್ರತಿ ಸಲವೂ ಯಂತ್ರ ನಿಲ್ಲುತ್ತದೆ, ಇಲ್ಲದಿದ್ದರೆ ಓಡುತ್ತಿರುವಾಗಲೇ ಕೈ ಹಾಕಿ ತೆಗೆಯಬಹುದು. ದೀಪಾವಳಿಗೆ ಮುಂಚೆ ಕಳಿಸಬೇಕಾದ ಮಾಲು ರಾಶಿ ಬಿದ್ದಿತ್ತು. ಮುಚ್ಚಳ ಗೋಡೆಗೆ ಒರಗಿಕೊಂಡೇ ಇತ್ತು, ಅದಕ್ಕೆ ಹಚ್ಚಿದ ಕುಂಕುಮ ಒಣಗಿ ಉದುರುತ್ತಿತ್ತು. ಒಂದು ಮಧ್ಯಾಹ್ನ ಮರಳು ಕಲಸುತ್ತಿದ್ದ ಸೆಲ್ವಿಯ ಬಲಗೈ ಒಳಗೆ ಸಿಕ್ಕಿತು. ಮಣಿಕಟ್ಟಿನಿಂದ ಕೆಳಗೆ ಏನೂ ಉಳಿಯಲಿಲ್ಲ.

ಸೆಲ್ವಿ ಭದ್ರಾವತಿಯವಳು. ಅವಳ ಅಪ್ಪ ತಮಿಳುನಾಡಿನಿಂದ ಉಕ್ಕಿನ ಕಾರ್ಖಾನೆಯ ಕೆಲಸಕ್ಕೆಂದು ಬಂದು ನ್ಯೂ ಟೌನಿನಲ್ಲಿ ನೆಲೆಸಿದವರು. ಆಸ್ಪತ್ರೆಯಲ್ಲಿ ಅವಳ ಹೇಳಿಕೆ ತೆಗೆದುಕೊಳ್ಳಲು ಹೋದೆ. ಅಳುತ್ತಾಳೆಂದು ಅಂದುಕೊಂಡಿದ್ದೆ, ಅವಳು ಸಿಟ್ಟಿನಿಂದ ಉರಿಯುತ್ತಿದ್ದಳು.

"ಮುಚ್ಚಳ ಹಾಕ್ಸಿ ಅಂತ ಲೋಕೇಶ್ ಸಾರ್‌ಗೆ ಹೇಳ್ದೆ ಮೇಡಂ. ಮೇಲೆ ಹೇಳಿದೀನಿ ಅಂದ್ರು. ಆ ಮೇಲೆ ಅನ್ನೋದು ಎಲ್ಲಿದೆ? ನಂಗೆ ಯಾರೂ ಕಾಣ್ಸಲ್ಲ ಅಲ್ಲಿ!"

ಲೋಕೇಶ ಆ ವಿಭಾಗದ ಸೂಪರ್‌ವೈಸರ್. ಅವನನ್ನು ಕೇಳಿದರೆ ಮೊದಲು ಅತ್ತಿತ್ತ ನೋಡಿದ. ಆಮೇಲೆ ಹೇಳಿದ: "ಪೂಜೆಗೆ ಅಂತ ಬಿಚ್ಚಿದ್ದು ಮೇಡಂ. ಮಾರನೇ ದಿನಾನೇ ಹಾಕ್ಸೋಕೆ ಹೋದೆ. ದೀಪಾವಳಿ ಕಳೀಲಿ ಬಿಡೋ ಅಂದ್ರು ಜಗದೀಶ್ ಸಾರ್."

"ಇದನ್ನ ಕೋರ್ಟಲ್ಲಿ ಹೇಳ್ತೀಯಾ?"

"ಹೇಳಿದ್ರೆ ಕೆಲಸ ಹೋಗುತ್ತೆ. ನೀವು ಕೊಡ್ತೀರಾ ಕೆಲಸ?"

ನನ್ನ ಹತ್ತಿರ ಕೊಡಲು ಕೆಲಸವಿರಲಿಲ್ಲ. ಮುಚ್ಚಳ ಹಾಕಿ ಸ್ವಿಚ್ ಸರಿಮಾಡುವವರೆಗೆ ಆ ಯಂತ್ರ ಓಡಿಸಕೂಡದೆಂದು ಆದೇಶ ಕೊಟ್ಟು, ಜಗದೀಶನ ಕೋಣೆಗೆ ಹೋದೆ. ಎಸಿ ತಣ್ಣಗೆ ಬೀಸುತ್ತಿತ್ತು. ಗೋಡೆಯ ಮೇಲೆ ನೀಲಮ್ಮನವರು ಮಿಕ್ಸರಿಗೆ ಹೂವು ಹಾಕುತ್ತಿರುವ ದೊಡ್ಡ ಫೋಟೋ.

"ನಾನು ಮಾರ್ಕೆಟಿಂಗ್ ನೋಡ್ಕೋಳೋನು ಮೇಡಂ. ಮಿಷನ್ ಓಡೋ ಕಡೆ ತಲೆ ಹಾಕಲ್ಲ. ಪೇಪರಲ್ಲಿ ಅಮ್ಮನ ಹೆಸರಿದೆ, ಅವರಿಗೆ ಪಾಪ ಏನು ಗೊತ್ತಾಗುತ್ತೆ?"

"ಏನೂ ಗೊತ್ತಿಲ್ಲದೋರ ಹೆಸರು ಯಾಕೆ ಕೊಟ್ರಿ?"

"ಹಿರಿಯರು ಅಂತ ಒಂದು ಗೌರವ."

"ಗೌರವಕ್ಕೆ ಜೈಲಿನ ಬಾಗಿಲಲ್ಲಿ ಕುರ್ಚಿ ಹಾಕಿದ್ರಾ?" ಎಂದೆ. ಅವನ ಮುಖ ಕೆಂಪಾಯಿತು. ನನ್ನ ಬಾಯಿ ಸ್ವಲ್ಪ ಹರಿತ ಎಂದು ನನ್ನ ಗಂಡನೂ ಹೇಳುತ್ತಿದ್ದರು.

ಆಗಿನ ನನ್ನ ಮೇಲಧಿಕಾರಿ ಎಂದೂ ಗದರಿದವರಲ್ಲ. ಕಾಫಿ ತರಿಸಿದರೆ ಸಾಕು, ಏನೋ ಬೇಡದ ಸಲಹೆ ಬರುತ್ತಿದೆ ಎಂದು ನಮಗೆಲ್ಲ ಗೊತ್ತಾಗುತ್ತಿತ್ತು. ಅಂದೂ ಕಾಫಿ ಬಂತು.

"ನೋಡಿ, ಕೇಸ್ ಹಾಕಬೇಡಿ ಅನ್ನಲ್ಲ. ಹಾಕಿ. ಆದ್ರೆ ಕಾನೂನಲ್ಲೇ ಒಂದು ಬಾಗಿಲಿದೆಯಲ್ಲ. ಅವರು ಆ ಸೂಪರ್‌ವೈಸರನ್ನ ತಂದು ನಿಲ್ಲಿಸ್ತಾರೆ. ನೀವು ಸುಮ್ನಿದ್ರೆ ಆಯ್ತು ಮಾರಾಯ್ತಿ."

ಆ ಬಾಗಿಲು ಏನೆಂದರೆ, ಅಧಿಭೋಗದಾರರು 'ನಾನು ಎಲ್ಲ ಎಚ್ಚರ ವಹಿಸಿದ್ದೆ, ನಿಜವಾದ ತಪ್ಪು ಇವನದು' ಎಂದು ಬೇರೊಬ್ಬನನ್ನು ನ್ಯಾಯಾಲಯದ ಮುಂದೆ ತಂದು ರುಜುವಾತು ಮಾಡಿದರೆ ತಾವು ಪಾರಾಗಬಹುದು. ಪ್ರಾಮಾಣಿಕರಿಗೆಂದು ಮಾಡಿದ ಬಾಗಿಲು. ಅದರಿಂದ ಯಾರು ಯಾರು ನುಸುಳಿ ಹೋದರೆಂದು ನಾನು ಕಣ್ಣಾರೆ ಕಂಡಿದ್ದೇನೆ. ಲೋಕೇಶ ಶಿಕ್ಷೆ ಹೊತ್ತುಕೊಂಡರೆ ಸೆಲ್ವಿ ಕೇಳಿದ ಆ 'ಮೇಲೆ' ಖಾಲಿಯಾಗಿಯೇ ಉಳಿಯುತ್ತದೆ. ಮುಂದಿನ ಆಯುಧಪೂಜೆಗೆ ಮತ್ತೆ ಮುಚ್ಚಳ ಬಿಚ್ಚುತ್ತಾರೆ.

"ನಾನು ಸುಮ್ನಿರಲ್ಲ ಸಾರ್" ಎಂದೆ.

"ನಿಮಗೆ ವರ್ಗಾವಣೆ ಆಗ್ಬಹುದು."

"ಆಗಲಿ. ಅಲ್ಲೂ ಕಾರ್ಖಾನೆ ಇರ್ತಾವೆ."

ಕೇಸು ದಾಖಲಾದ ಮೇಲೆ ಊರಿಗೆ ಊರೇ ನನ್ನ ಬಗ್ಗೆ ಆಡಿಕೊಂಡಿತು. ಮದುವೆ ಮನೆಗಳಲ್ಲಿ ನನ್ನ ಪಕ್ಕದ ಕುರ್ಚಿ ಖಾಲಿಯಾಗತೊಡಗಿತು. ನಮ್ಮೂರ ಗಾಂಧಿ ಬಜಾರಿನ ಸೀರೆ ಅಂಗಡಿಯವನು ಸೀರೆ ಬಿಡಿಸುತ್ತಲೇ, "ಏನ್ ಮೇಡಂ, ಅಜ್ಜೀನ ಜೈಲಿಗೆ ಹಾಕಿಸ್ತೀರಂತೆ, ಎಂಥ ಜಬರ್ದಸ್ತ್ ನೀವು!" ಎಂದ. "ಸೆಲ್ವಿಗೆ ಒಂದೇ ಕೈಯಲ್ಲಿ ಉಡೋಕಾಗೋ ಸೀರೆ ಇದ್ರೆ ತೋರ್ಸಪ್ಪ" ಎಂದೆ. ಅವನು ಆಮೇಲೆ ಬಣ್ಣದ ಬಗ್ಗೆ ಮಾತ್ರ ಮಾತಾಡಿದ. ಸುಳ್ಳು ಹೇಳುವುದಿಲ್ಲ, ರಾತ್ರಿ ಮಲಗಿದಾಗ ನನಗೂ ಕಸಿವಿಸಿಯಾಗುತ್ತಿತ್ತು. ಆ ಮುದುಕಿಯ ಮೇಲೆ ನನಗೆ ಯಾವ ಹಗೆಯೂ ಇರಲಿಲ್ಲ. ಆದರೆ ಅವರನ್ನು ಆ ಜಾಗದಲ್ಲಿ ಕೂರಿಸಿದ್ದು ನಾನಲ್ಲ, ಅವರ ಮಗ. ಕನಿಕರ ಹುಟ್ಟಲಿ ಎಂದೇ ಕೂರಿಸಿದ್ದು. ಆ ಆಟಕ್ಕೆ ಸೋಲಬಾರದೆಂದು ಹಲ್ಲು ಕಚ್ಚಿ ಹಿಡಿದೆ.

ವಿಚಾರಣೆಗೆ ಮುಂಚೆ ನೀಲಮ್ಮನವರೇ ನನ್ನನ್ನು ನೋಡಬೇಕೆಂದು ಹೇಳಿಕಳಿಸಿದರು. ವಿದ್ಯಾನಗರದ ಮನೆಗೆ ಹೋದೆ. ಜಗದೀಶ ಊರಲ್ಲಿರಲಿಲ್ಲ. ಸೊಸೆ ಮಜ್ಜಿಗೆ ತಂದಿಟ್ಟರು, ನಾನು ಮುಟ್ಟಲಿಲ್ಲ. ಆರೋಪಿಯ ಮನೆಯಲ್ಲಿ ಮಜ್ಜಿಗೆಯನ್ನೂ ಕುಡಿಯಬಾರದು, ಹೊಸಬರು ಇದನ್ನು ನೆನಪಿಡಿ.

"ನನ್ನ ಜೈಲಿಗೆ ಹಾಕೋಳು ನೀನೇನಾ?" ಎಂದರು ನೀಲಮ್ಮ.

"ಹಾಕೋದಾದ್ರೆ ನ್ಯಾಯಾಧೀಶರು ಹಾಕ್ತಾರಮ್ಮ. ನಾನು ದಾರಿ ತೋರಿಸೋಳು."

ಅವರಿಗೆ ನಗು ಬಂತು. "ಕೂತ್ಕೋ. ನನ್ನ ಮಗ ಅದೇನೋ ಪಟ್ಟ ಕಟ್ಟಿದಾನಲ್ಲ ನಂಗೆ, ಅದೇನು ಸರಿಯಾಗಿ ಹೇಳು."

ಹೇಳಿದೆ. ಗಮನವಿಟ್ಟು ಕೇಳಿದರು. "ಹಂಗಾದ್ರೆ ನಾನು ನಿಲ್ಸು ಅಂದ್ರೆ ಕಾರ್ಖಾನೆ ನಿಲ್ಲುತ್ತಾ?"

"ನಿಲ್ಲಲೇಬೇಕು."

"ಇದನ್ನ ಒಬ್ಬರೂ ನಂಗೆ ಹೇಳ್ಲಿಲ್ಲ ನೋಡು. ಸಹಿ ಹಾಕು ಅಂದ್ರು, ಹಾಕ್ದೆ." ಆಮೇಲೆ ಕೇಳಿದರು: "ಆ ಹುಡುಗಿಗೆ ಬೆರಳಿಗೆ ಗಾಯ ಆಗಿದೆ ಅಂದ ಜಗ್ಗು. ಈಗ ಹೆಂಗಿದಾಳೆ?"

"ಬೆರಳಲ್ಲಮ್ಮ. ಬಲಗೈನೇ ಹೋಗಿದೆ. ನೀವು ಹೂವು ಹಾಕ್ತೀರಲ್ಲ, ಆ ಮಿಕ್ಸರಲ್ಲಿ."

ಅವರು ತಮ್ಮ ಬಲಗೈಯನ್ನು ಸೆರಗಿನೊಳಗೆ ಎಳೆದುಕೊಂಡರು. ನಾನು ಹೊರಡುವವರೆಗೂ ಅದು ಹೊರಗೆ ಬರಲಿಲ್ಲ.

ಕೋರ್ಟಿನ ದಿನ ಜಗದೀಶ ತಾಯಿಯನ್ನು ಮೆಲ್ಲಗೆ ನಡೆಸಿಕೊಂಡು ಬಂದ. ಅವರ ವಕೀಲರು ಲೋಕೇಶನೇ ತಪ್ಪಿತಸ್ಥ ಎನ್ನುವ ಅರ್ಜಿ ಸಿದ್ಧಮಾಡಿಕೊಂಡು ಬಂದಿದ್ದರು. ನೀಲಮ್ಮನವರ ಸಹಿಯೊಂದು ಬಾಕಿ. ಲೋಕೇಶ ಇಸ್ತ್ರಿ ಮಾಡಿದ ಶರಟು ಹಾಕಿ, ಹೆಂಡತಿಯ ಜೊತೆ ಮೂಲೆಯಲ್ಲಿ ನಿಂತಿದ್ದ. ತಪ್ಪು ಒಪ್ಪಿಕೊಂಡರೆ ದಂಡ ಕಂಪನಿಯೇ ಕಟ್ಟುತ್ತದೆ, ಕೆಲಸವೂ ಉಳಿಯುತ್ತದೆ ಎಂದು ಅವನನ್ನು ಒಪ್ಪಿಸಿದ್ದರು. ಅವನ ಹೆಂಡತಿ ನನ್ನನ್ನು ನೋಡಿ ಮುಖ ತಿರುಗಿಸಿಕೊಂಡಳು. ಸಾಕ್ಷಿ ಹೇಳಲು ಬಂದ ಸೆಲ್ವಿ ಬಾಗಿಲ ಹತ್ತಿರದ ಬೆಂಚಿನಲ್ಲಿ ಕೂತಿದ್ದಳು.

ಹೆಸರು ಕರೆದಾಗ ನೀಲಮ್ಮ ಎದ್ದು ಹೋದರು. ಕುರ್ಚಿ ಕೊಡಿ ಎಂದು ನ್ಯಾಯಾಧೀಶರು ಹೇಳಿದರು, ಅವರು ಬೇಡವೆಂದರು. ವಕೀಲರು ಅರ್ಜಿಯನ್ನು ಮುಂದೆ ಹಿಡಿದರು. ನೀಲಮ್ಮ ಕನ್ನಡಕ ಹಾಕಿಕೊಂಡು ಓದಿದರು. ಅವರು ಓದುತ್ತಾರೆಂದು ಯಾರೂ ಎಣಿಸಿರಲಿಲ್ಲವೆಂದು ಕಾಣುತ್ತದೆ, ವಕೀಲರು ಮಗನ ಮುಖ ನೋಡಿದರು.

"ಇದರಲ್ಲಿ ಲೋಕೇಶ ಮುಚ್ಚಳ ತೆಗೆಸಿದ ಅಂತಿದೆ" ಎಂದರು ನೀಲಮ್ಮ ನ್ಯಾಯಾಧೀಶರಿಗೆ. "ಸುಳ್ಳು. ಪೂಜೆಗೆ ತೆಗೆಸಿದ್ದು ನಾನು. ಓಡೋ ಮಿಷನ್ನಿಗೇ ಹೂವು ಹಾಕ್ಬೇಕು ಅಂತ ಹಟ ಹಿಡಿಯೋಳು ನಾನು, ವರ್ಷವರ್ಷಾನೂ. ತಿರುಗಿ ಹಾಕೋದು ಬೇಡ ಅಂದೋನು ನನ್ನ ಮಗ, ಮನೇಲಿ ಕೇಳಿದ್ರೆ ಅವನೇ ಒಪ್ಕೊಂಡ."

"ಅಮ್ಮಾ!" ಎಂದು ಜಗದೀಶ ಕೂಗಿದ. ನ್ಯಾಯಾಧೀಶರು ಅವನನ್ನು ಸುಮ್ಮನಿರಿಸಿದರು.

"ನನ್ನ ಮೇಲೆ ಹಾಕಿರೋ ಆರೋಪ ನಿಜ. ಒಪ್ಕೊಂಡಿದೀನಿ. ಈ ಹುಡುಗನ ಮೇಲೆ ತಪ್ಪು ಹೊರಿಸೋ ಅರ್ಜಿಗೆ ನಾನು ಸಹಿ ಹಾಕಲ್ಲ."

ಲೋಕೇಶ ಗೋಡೆಗೆ ಒರಗಿದ. ಅವನ ಹೆಂಡತಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಅತ್ತಳು. ನ್ಯಾಯಾಧೀಶರು ದಂಡ ಹಾಕಿದರು, ಜೊತೆಗೆ ಅಂದು ನ್ಯಾಯಾಲಯ ಏಳುವವರೆಗೆ ಬಂಧನದ ಶಿಕ್ಷೆ ವಿಧಿಸಿದರು. ಎಂದರೆ ಸಂಜೆಯವರೆಗೆ ಆ ಸಭಾಂಗಣ ಬಿಟ್ಟು ಹೋಗುವಂತಿಲ್ಲ. ಜಗದೀಶನ ಮೇಲೆ ಅಂದು ಕಾನೂನಿನ ಕೈ ಬೀಳಲಿಲ್ಲ. ಒಬ್ಬ ನಿರ್ದೇಶಕರ ಹೆಸರು ಕೊಟ್ಟರೆ ಉಳಿದವರು ಹೊರಗೆ ನಿಲ್ಲಬಹುದು. ಅದು ನನಗೆ ಆಗಲೂ ಒಪ್ಪಿಗೆಯಿರಲಿಲ್ಲ, ಈಗಲೂ ಇಲ್ಲ. ಈಗ ಹಳೆಯ ಕಾನೂನಿನ ಬದಲು ಹೊಸ ಕಾರ್ಮಿಕ ಸಂಹಿತೆ ಬಂದಿದೆ. ಯಾವ ಕಾರ್ಖಾನೆಗೆ ಹೋಗಬೇಕೆಂದು ಕಂಪ್ಯೂಟರು ಚೀಟಿ ಎತ್ತುತ್ತದೆ, ನಿರೀಕ್ಷಕರ ಹುದ್ದೆಯ ಹೆಸರಿನಲ್ಲೇ ಅನುಕೂಲ ಮಾಡಿಕೊಡುವವರು ಎಂದೂ ಸೇರಿಸಿದ್ದಾರೆ. ಮಾಡಿಕೊಡಿ, ಬೇಡ ಅನ್ನಲಾರೆ. ಯಾರಿಗೆ ಅನುಕೂಲ ಎಂದು ಮಾತ್ರ ಕೇಳಿಕೊಳ್ಳುತ್ತಿರಿ.

ನೀಲಮ್ಮ ಬಾಗಿಲ ಹತ್ತಿರದ ಬೆಂಚಿಗೆ ಹೋಗಿ ಸೆಲ್ವಿಯ ಪಕ್ಕ ಕೂತರು. ಜಗದೀಶ ಕಾರಿನಿಂದ ಮೆತ್ತೆ, ಫ್ಲಾಸ್ಕು ತಂದ. "ಇದು ಶಿಕ್ಷೆ ಕಣೋ, ಬೀಗರ ಮನೆ ಅಲ್ಲ. ತಗೊಂಡು ಹೋಗು" ಎಂದು ವಾಪಸು ಕಳಿಸಿದರು. ಆಮೇಲೆ ಸೆಲ್ವಿಯ ಕಡೆ ತಿರುಗಿದರು.

"ನಂದು ತಪ್ಪಾಯ್ತು ತಾಯಿ."

"ನೀವು ಸಂಜೆ ಮನೆಗ್ ಹೋಗ್ತೀರಮ್ಮ" ಎಂದಳು ಸೆಲ್ವಿ. "ನಾನೂ ಹೋಗ್ತೀನಿ. ನಾಳೆ ಬೆಳಿಗ್ಗೆ ಮಗಳು ಜಡೆ ಹಾಕು ಅಂತ ಬಂದು ಕೂತ್ಕೋತಾಳೆ. ಒಂದ್ ಕೈಲಿ ಹಾಕಕ್ ಬರಲ್ಲ. ತಪ್ಪಾಯ್ತು ಅಂದ್ರೆ ನಾನೇನ್ ಹೇಳ್ಲಿ?"

ಇಬ್ಬರೂ ಸಂಜೆಯವರೆಗೆ ಹಾಗೇ ಕೂತಿದ್ದರು.

ನ್ಯಾಯಾಧೀಶರು ಎದ್ದು ಹೋದರು. ಜವಾನ ಬಂದು, "ಮುಗೀತು ಅಜ್ಜಿ, ಹೊರಡ್ಬೋದು" ಎಂದ. ನೀಲಮ್ಮ ಏಳಲಿಲ್ಲ. ಮಗನನ್ನು ಕರೆದರು.

"ಇವತ್ತಿಂದ ಆ ಹೆಸರು ನಂದಲ್ಲ, ನಿಂದು. ಈ ಮೇಡಂ ಮುಂದೆ ಈಗ್ಲೇ ಬರೆದುಕೊಡು. ಆಮೇಲೆ ನಾನು ಏಳೋದು."

"ಅಮ್ಮ, ನಾಳೆ ವಕೀಲರ ಹತ್ರ ಕೇಳಿ..."

"ಈಗ."

ನಿರ್ದೇಶಕರ ಮಂಡಳಿಯಲ್ಲಿ ನಿರ್ಣಯವಾಗದೆ ಆ ಬರಹಕ್ಕೆ ಬೆಲೆಯಿಲ್ಲವೆಂದು ನನಗೆ ಗೊತ್ತಿತ್ತು. ಹೇಳಲಿಲ್ಲ. ನಿರ್ಣಯ ಆಮೇಲೆ ಆಗಿಯೂ ಆಯಿತು. ಜಗದೀಶ ವಕೀಲರಿಂದ ಒಂದು ಹಾಳೆ ಇಸಿದುಕೊಂಡು ಕಿಟಕಿಯ ಕಟ್ಟೆಯ ಮೇಲಿಟ್ಟು ಬರೆದ. ಸಹಿ ಹಾಕಬೇಕಾದಲ್ಲಿ ನಿಂತು ನನ್ನನ್ನು ನೋಡಿದ.

"ಮೇಡಂ, ಇದಾದ್ಮೇಲೆ ಅಲ್ಲಿ ಯಾರಿಗಾದ್ರೂ ಏನಾದ್ರೂ ಆದ್ರೆ..."

"ನೀವೇ ಬರ್ಬೇಕು. ನಾನೇ ಕರೆಸ್ತೀನಿ" ಎಂದೆ.

ಅವನು ಪೆನ್ನು ಕೆಳಗಿಟ್ಟು ಲೋಕೇಶನ ಕಡೆ ತಿರುಗಿದ. "ಲೋಕೇಶ, ನಮ್ಮಲ್ಲಿ ಇನ್ನೂ ಯಾವ್ಯಾವ ಮಿಷನ್ನಿಗೆ ಮುಚ್ಚಳ ಇಲ್ವೋ?"

ಲೋಕೇಶ ಒಂದೊಂದಾಗಿ ಹೇಳತೊಡಗಿದ. ಗ್ರೈಂಡರು, ಕನ್ವೇಯರು, ಮರಳು ಜರಡಿ. ಜಗದೀಶ ಮತ್ತೆ ಮತ್ತೆ ಕೇಳಿ ಖಚಿತ ಮಾಡಿಕೊಂಡು, ಆಮೇಲೆ ಸಹಿ ಹಾಕಿದ. ಬಸ್ಸಿಗೆ ಹೊರಟಿದ್ದ ಸೆಲ್ವಿ ಬಾಗಿಲಲ್ಲಿ ನಿಂತು ಅದನ್ನೆಲ್ಲ ಕೇಳಿಸಿಕೊಂಡಳು.

"ಇದೊಂದು ಮಾತು ಕೇಳಕ್ಕೆ ಇವರಿಗೆ ನನ್ ಕೈ ಬೇಕಾಯ್ತಾ ಮೇಡಂ?" ಎಂದು ನನ್ನನ್ನು ಕೇಳಿದಳು.